ಅಂಕೆಯೂ ಅಕ್ಷರವೂ

ಮೊನ್ನೆ ಧಾರವಾಡದ ನಮ್ಮ ಮನೆಯಲ್ಲಿ ಹಳೆಯ ಸಾಲಪತ್ರವೊಂದನ್ನು ಓದುತ್ತಿದ್ದ ಮೊಮ್ಮಗನು ೬೦೦ ರೂಪಾಯಿಗಳನ್ನು ೯೦೦ ಎಂದನು. ಇಂಗ್ಲಿಷ್ ಅಂಕೆಗಳಲ್ಲಿಯೇ ಪಳಗಿದ ಅವನಿಗೆ ಕನ್ನಡದ ಆರೂ ಒಂಬತ್ತೂ ಅವಳಿಗಳಂತೆ ತೋರಿದುವು. ಪುಣ್ಯವಶದಿಂದ ಕೆಳಗೆ ‘ಆರುನೂರು’ ಎಂದು ಅಕ್ಷರದಲ್ಲಿಯೂ ಬರೆದಿದ್ದಿತು, ಸಂದೇಹವು ಕಳೆಯಿತು.

ಸಂಖ್ಯೆಯನ್ನು ಅಕ್ಷರದಲ್ಲಿ ಬರೆಯುವ ಈ ಕ್ರಮವು ಹೊಸತಲ್ಲ. ಐಹೊಳೆಯ ಮೇಗುತಿ ಗುಡಿಯ ಶಾಸನದಲ್ಲಿ ರವಿಕೀರ್ತಿಯು ಶಕವರ್ಷವನ್ನು ಐವತ್ತು, ಆರು, ಐನೂರು ಎಂಬರ್ಥದ ಸಂಸ್ಕೃತ ಪದಗಳಿಂದ ಶ್ಲೋಕದಲ್ಲಿಯೇ ಹೇಳಿರುವನು. ಕೂಡಿಸಿದರೆ ೫೫೬, ಅದಕ್ಕೆ ೭೮ನ್ನು ಸೇರಿಸಿದರೆ ಕ್ರಿ. ಶ. ೬೩೪. ಅಂಕೆಯ ರೂಪವು ಕಾಲಕಾಲಕ್ಕೆ ಮಾರ್ಪಡುವುದು. ಪದದ ಅರ್ಥವು ನಿಲ್ಲುವುದು.

ವಾಚಕರೇ, ಮಕ್ಕಳಿಗೆ ಕನ್ನಡದ ಹತ್ತು ಅಂಕೆಗಳನ್ನು ಕಲಿಸಿರಿ. ಮನೆಯ ಕಾಗದಪತ್ರಗಳಲ್ಲಿ ಮೊತ್ತವನ್ನು ಅಕ್ಷರದಲ್ಲಿಯೂ ತಪ್ಪದೆ ಬರೆಯಿರಿ. ಅಜ್ಜನ ಲೆಕ್ಕವು ಮೊಮ್ಮಗನಿಗೂ ತಿಳಿಯಲಿ.