ಹಸಿಯೋ, ಬೆಂದದ್ದೋ?

ಪ್ಯಾಕೆಟ್ಟಿನಲ್ಲಿ ಬರುವ ಆಹಾರ ಕೊಳ್ಳುವಾಗ ನಮ್ಮ ದೇಶದಲ್ಲಿ ಕಣ್ಣು ಮೊದಲು ಹೋಗುವುದು ಒಂದು ಸಣ್ಣ ಚೌಕದ ಕಡೆಗೆ. ಒಳಗೆ ಹಸಿರು ಚುಕ್ಕೆ ಇದ್ದರೆ ಸಸ್ಯಾಹಾರ, ಕಂದು ತ್ರಿಕೋನ ಇದ್ದರೆ ಮಾಂಸಾಹಾರ. ಅಕ್ಷರ ಬಾರದವರಿಗೂ ಅರ್ಥವಾಗುವ ಗುರುತು ಅದು, ಕಾನೂನೇ ಕಡ್ಡಾಯ ಮಾಡಿರುವಂಥದ್ದು. ಆದರೆ ಸಾಸೇಜ್ ಕೊಳ್ಳಲೆಂದೇ ಹೋದವರಿಗೆ ಆ ತ್ರಿಕೋನ ಹೊಸದೇನನ್ನೂ ಹೇಳುವುದಿಲ್ಲ. ಅದು ಮಾಂಸ ಎಂದು ಅವರಿಗೆ ಗೊತ್ತು. ಅವರಿಗೆ ಗೊತ್ತಾಗಬೇಕಾದದ್ದು ಬೇರೆ: ಇದು ಹಸಿಯೋ, ಬೆಂದದ್ದೋ?

ಈ ಪ್ರಶ್ನೆಗೆ ಅಷ್ಟು ಎದ್ದು ಕಾಣುವ ಗುರುತಿಲ್ಲ. ಪ್ಯಾಕೆಟ್ಟಿನ ಹಿಂಬದಿಯಲ್ಲಿ ಬಳಕೆಯ ವಿಧಾನ ಎಂದು ಇರುತ್ತದೆ, ಸಣ್ಣ ಅಕ್ಷರದಲ್ಲಿ, ಬಹುಮಟ್ಟಿಗೆ ಇಂಗ್ಲಿಷಿನಲ್ಲಿ. ದಾರಕ್ಕೆ ಪೋಣಿಸಿ ಬಿಡಿಯಾಗಿ ಮಾರುವ ಸರಕಿಗೆ ಅದೂ ಇಲ್ಲ. ತಿನ್ನುವವರ ಜಾತಿ, ಧರ್ಮ, ವ್ರತಗಳಿಗೆ ಸಂಬಂಧಿಸಿದ ಮಾಹಿತಿಯನ್ನು ಮುಂದೆ ಇಟ್ಟು, ಅವರ ಹೊಟ್ಟೆಗೆ ಸಂಬಂಧಿಸಿದ ಮಾಹಿತಿಯನ್ನು ಹಿಂದೆ ಇಟ್ಟಿದ್ದೇವೆ. ಎರಡೂ ಮುಂದೆ ಇರಬೇಕು ಎನ್ನುವುದು ನನ್ನ ವಾದ. ಅದು ಆಗುವವರೆಗೆ ಆ ಪ್ರಶ್ನೆಯನ್ನು ಅಂಗಡಿಯಲ್ಲೂ ಅಡುಗೆಮನೆಯಲ್ಲೂ ನಾವೇ ಬಾಯಿಬಿಟ್ಟು ಕೇಳಿಕೊಳ್ಳಬೇಕು.

ನಾನಿರುವುದು ಘಣಸೋಲಿಯಲ್ಲಿ. ಠಾಣೆಯಿಂದ ವಾಶಿಯ ಕಡೆಗೆ ಹೋಗುವ ಟ್ರಾನ್ಸ್ ಹಾರ್ಬರ್ ರೈಲಿನಲ್ಲಿ ರಬಾಳೆ ಮತ್ತು ಕೋಪರ್‌ಖೈರಣೆಗಳ ನಡುವೆ ಸಿಗುವ ನಿಲ್ದಾಣ. ಆಗ್ರಿ, ಕೋಳಿ ಜನರ ಹಳೆಯ ಊರು, ಅದರ ಸುತ್ತ ಸಿಡ್ಕೊ ಸೆಕ್ಟರುಗಳು, ಒಂದು ಬದಿಗೆ ಕೈಗಾರಿಕಾ ಪ್ರದೇಶ ಮತ್ತು ದೊಡ್ಡ ಕಚೇರಿಗಳು. ಕೆಲಸಕ್ಕೆಂದು ಬಂದ ಹುಡುಗ ಹುಡುಗಿಯರು ಮೂವರೋ ನಾಲ್ವರೋ ಸೇರಿ ಬಾಡಿಗೆ ಮನೆ ಹಿಡಿಯುವ ಜಾಗ. ಇಂಥ ಮನೆಯ ಫ್ರಿಜ್ಜಿನಲ್ಲಿ ಒಂದೇ ಹೆಸರಿನ ಮೂರು ಬೇರೆ ಬೇರೆ ವಸ್ತುಗಳು ಒಟ್ಟಿಗೆ ಇರಬಹುದು. ಒಂದು, ಫೋನಿನಲ್ಲಿ ಆರ್ಡರ್ ಮಾಡಿ ತರಿಸಿದ ಕೋಳಿ ಸಾಸೇಜ್. ಎರಡು, ಮಡಗಾಂವ್‌ನಿಂದಲೋ ಕಾರವಾರದ ಕಡೆಯಿಂದಲೋ ಊರಿಗೆ ಹೋದವರು ತಂದ ಗೋವಾದ ಚೋರೀಸ್, ಮಣಿಸರದ ಹಾಗೆ ದಾರಕ್ಕೆ ಕಟ್ಟಿದ್ದು. ಮೂರು, ದುಬೈಯಿಂದ ಬಂದ ಗೆಳೆಯ ಕೊಟ್ಟ ಸ್ಪೇನ್ ದೇಶದ ಚೊರೀಜೋ, ತೆಳುವಾಗಿ ಹೆಚ್ಚಿ ಪ್ಯಾಕ್ ಮಾಡಿದ್ದು. ಕೊನೆಯ ಎರಡೂ ಕೆಂಪು, ಎರಡಕ್ಕೂ ಒಂದೇ ಮೂಲದ ಹೆಸರು. ಪೋರ್ಚುಗೀಸರ ಜೊತೆ ಗೋವಾಕ್ಕೆ ಬಂದ ಶಬ್ದ ಅದು. ಆದರೆ ಒಂದನ್ನು ಪ್ಯಾಕೆಟ್ಟಿನಿಂದ ತೆಗೆದು ಹಾಗೇ ಬಾಯಿಗೆ ಹಾಕಬಹುದು, ಇನ್ನೊಂದನ್ನು ಹಾಕಬಾರದು.

ಕರಾವಳಿಯವರಿಗೆ ಇದನ್ನು ಹೇಳಿಕೊಡುವುದು ಸುಲಭ. ಮಾವಿನ ಮಿಡಿಯ ಉಪ್ಪಿನಕಾಯಿಯೂ ಉಪ್ಪಿನಲ್ಲಿ ಉಳಿದದ್ದು, ಒಣಮೀನೂ ಉಪ್ಪಿನಲ್ಲಿ ಉಳಿದದ್ದು. ಉಪ್ಪಿನಕಾಯಿಯನ್ನು ಹಾಗೇ ನಂಚಿಕೊಳ್ಳುತ್ತೇವೆ, ಒಣಮೀನನ್ನು ಸುಡದೆ ತಿನ್ನುವವರಿಲ್ಲ. ಸ್ಪೇನಿನ ಒಣ ಚೊರೀಜೋ ಉಪ್ಪಿನಕಾಯಿಯ ಜಾತಿ: ಉಪ್ಪು, ಹುದುಗು, ನೈಟ್ರೈಟ್, ವಾರಗಟ್ಟಲೆ ಹತೋಟಿಯಲ್ಲಿಟ್ಟ ಗಾಳಿ ಮತ್ತು ತೇವ ಇವೆಲ್ಲ ಸೇರಿ ಅದು ತಿನ್ನಲು ಸಿದ್ಧವಾಗಿರುತ್ತದೆ. ಗೋವಾದ ಚೋರೀಸ್ ಒಣಮೀನಿನ ಜಾತಿ: ಹಂದಿಮಾಂಸಕ್ಕೆ ಉಪ್ಪು, ಕೆಂಪು ಮೆಣಸು, ಬೆಳ್ಳುಳ್ಳಿ, ಶುಂಠಿ, ತೆಂಗಿನ ಕಳ್ಳಿನ ವಿನೆಗರ್ ಸೇರಿಸಿ, ನೆನೆಸಿ, ಕರುಳಿಗೆ ತುಂಬಿ, ಬಿಸಿಲಿಗೋ ಹೊಗೆಗೋ ಹಿಡಿದದ್ದು. ಅದು ಕೆಡದಂತೆ ಉಳಿದಿದೆ ಅಷ್ಟೇ, ಬೆಂದಿಲ್ಲ. ಕೊಡವರ ಮನೆಯಲ್ಲಿ ಪಂದಿ ಕರಿಗೆ ಕಾಚಂಪುಳಿ ಬೀಳುತ್ತದೆ. ಹುಳಿ ಬಿದ್ದಿದೆ, ಇನ್ನು ಬೇಯಿಸುವುದು ಯಾಕೆ ಎಂದು ಅಲ್ಲಿ ಯಾರೂ ಕೇಳುವುದಿಲ್ಲ. ವಿನೆಗರಿನ ವಿಷಯದಲ್ಲೂ ಹಾಗೆಯೇ.

ಇನ್ನು ಕೋಳಿ ಸಾಸೇಜ್. ಹೆಪ್ಪುಗಟ್ಟಿಸಿ ಮಾರುವವುಗಳಲ್ಲಿ ಹೆಚ್ಚಿನವು ಕಾರ್ಖಾನೆಯಲ್ಲೇ ಬೆಂದು ಬಂದಿರುತ್ತವೆ. ಆದರೆ ಎಲ್ಲವೂ ಅಲ್ಲ. ಮಾಂಸದ ಅಂಗಡಿಯವರು ತಾವೇ ತುಂಬಿ ‘ಫ್ರೆಶ್’ ಎಂದು ಮಾರುವುದು ಹಸಿ. ಹೊರಗಿನಿಂದ ನೋಡಿ ಹೇಳುವುದು ಕಷ್ಟ. ಓದಿ ತಿಳಿಯಲಾಗದಿದ್ದರೆ, ಕೇಳಿದರೂ ಉತ್ತರ ಸಿಗದಿದ್ದರೆ, ಹಸಿ ಎಂದೇ ಲೆಕ್ಕ ಹಿಡಿಯಬೇಕು. ಬೆಂದದ್ದನ್ನು ಹಸಿ ಎಂದುಕೊಂಡು ಬೇಯಿಸಿದರೆ ರುಚಿ ಸ್ವಲ್ಪ ಹೋದೀತು. ಹಸಿಯನ್ನು ಬೆಂದದ್ದು ಎಂದುಕೊಂಡರೆ ಹೋಗುವುದು ಅದಕ್ಕಿಂತ ದೊಡ್ಡದು.

ಸಾಸೇಜಿನಲ್ಲಿ ಇಷ್ಟು ಎಚ್ಚರ ಯಾಕೆ ಬೇಕು? ಇಡೀ ತುಂಡಿನ ಮಾಂಸದಲ್ಲಿ ಬ್ಯಾಕ್ಟೀರಿಯಾ ಬಹುಪಾಲು ಮೇಲ್ಮೈಯಲ್ಲಿರುತ್ತದೆ, ಬಾಣಲೆಯ ಬಿಸಿ ಮೊದಲು ತಾಗುವುದೂ ಅಲ್ಲಿಗೇ. ಕೊಚ್ಚಿದಾಗ ಮೇಲಿದ್ದದ್ದು ಒಳಗೆ ಹೋಗುತ್ತದೆ. ಕೊಚ್ಚಿ, ಕಲಸಿ, ಕರುಳಿಗೆ ತುಂಬಿದ ಮೇಲೆ ಸಾಸೇಜಿನ ನಟ್ಟನಡುವೆ ಇರುವುದು ಒಂದು ಕಾಲಕ್ಕೆ ಹೊರಗಿದ್ದದ್ದೇ ಇರಬಹುದು. ಆದ್ದರಿಂದ ಹೊರಗೆ ಕಂದು ಬಣ್ಣ ಬಂದರೆ ಸಾಲದು, ನಡುಭಾಗಕ್ಕೆ ಬಿಸಿ ಮುಟ್ಟಬೇಕು. ಹಂದಿ, ಕುರಿ ಮಾಂಸದ ಸಾಸೇಜಿಗೆ ನಡುವಿನ ಶಾಖ 71 ಡಿಗ್ರಿ ಸೆಲ್ಸಿಯಸ್, ಕೋಳಿಯದಕ್ಕೆ 74.

ಬಣ್ಣ ನೋಡಿ ಹೇಳುತ್ತೇನೆ ಎನ್ನುವವರುಂಟು. ಬಣ್ಣವನ್ನು ನಂಬುವಂತಿಲ್ಲ. ಚೋರೀಸ್ ಮೆಣಸಿನಿಂದ ಕೆಂಪಾಗಿರುತ್ತದೆ, ಎಷ್ಟು ಬೇಯಿಸಿದರೂ ಕೆಂಪೇ. ನೈಟ್ರೈಟ್ ಹಾಕಿದ ಸಾಸೇಜ್ ಪೂರ್ತಿ ಬೆಂದ ಮೇಲೂ ಗುಲಾಬಿಯಾಗಿಯೇ ಇರುತ್ತದೆ. ಕೆಲವೊಮ್ಮೆ ಕೊಚ್ಚಿದ ಮಾಂಸ ಸಾಕಷ್ಟು ಬಿಸಿಯಾಗುವ ಮುಂಚೆಯೇ ಕಂದಾಗಿಬಿಡುತ್ತದೆ. ಕೆಲವು ನೂರು ರೂಪಾಯಿಗೆ ಅಡುಗೆಯ ಥರ್ಮಾಮೀಟರ್ ಸಿಗುತ್ತದೆ. ಜ್ವರ ನೋಡಲು ಒಂದನ್ನು ಇಟ್ಟುಕೊಳ್ಳುವ ಮನೆಯಲ್ಲಿ ಮಾಂಸ ನೋಡಲು ಇನ್ನೊಂದಿದ್ದರೆ ಅದು ಶೋಕಿಯಲ್ಲ.

ಇದೆಲ್ಲ ಮಾಂಸ ತಿನ್ನುವವರ ಸಮಸ್ಯೆ, ನಮಗೇನು ಎನ್ನುವ ಓದುಗರು ಇಲ್ಲಿ ಸ್ವಲ್ಪ ನಿಲ್ಲಬೇಕು. ಹಂದಿಯಲ್ಲಿ ಬರುವ ಲಾಡಿಹುಳುವಿನ ಸುತ್ತು ಹೀಗಿದೆ. ಹುಳುವಿನ ಗುಳ್ಳೆಗಳಿರುವ ಹಂದಿಮಾಂಸವನ್ನು ಅರೆಬೆಂದದ್ದಾಗಿ ತಿಂದವರ ಕರುಳಲ್ಲಿ ಲಾಡಿಹುಳು ಬೆಳೆಯುತ್ತದೆ. ಅವರಿಗೆ ತೊಂದರೆ ಹೆಚ್ಚಿಲ್ಲದಿರಬಹುದು, ಗೊತ್ತೇ ಆಗದಿರಬಹುದು. ಆದರೆ ಅವರ ಮಲದಲ್ಲಿ ಹುಳುವಿನ ಮೊಟ್ಟೆಗಳು ಹೊರಬೀಳುತ್ತವೆ. ತೊಳೆಯದ ಕೈ, ಕೊಳಚೆ ನೀರು, ಆ ನೀರಲ್ಲಿ ಬೆಳೆದ ಸೊಪ್ಪು, ಇವುಗಳ ಮೂಲಕ ಆ ಮೊಟ್ಟೆ ಯಾರ ಹೊಟ್ಟೆಗಾದರೂ ಹೋಗಬಹುದು. ಹೋದರೆ ಮರಿಗಳು ರಕ್ತದಲ್ಲಿ ಸಾಗಿ ಮೆದುಳಲ್ಲಿ ಗುಳ್ಳೆ ಕಟ್ಟಬಹುದು, ಮೂರ್ಛೆರೋಗ ಬರಬಹುದು. ಬಿಡಾಡಿ ಹಂದಿಗಳೂ ಜನರೂ ಒತ್ತಾಗಿ ಬದುಕುವ, ಈ ಹುಳು ಬೇರೂರಿದ ಅನೇಕ ಪ್ರದೇಶಗಳಲ್ಲಿ ಮೂರ್ಛೆರೋಗದ ಸುಮಾರು ಶೇಕಡ 30ರಷ್ಟಕ್ಕೆ ಇದೇ ಕಾರಣ ಎಂದು ವಿಶ್ವ ಆರೋಗ್ಯ ಸಂಸ್ಥೆ ಹೇಳುತ್ತದೆ. ಅಂದರೆ ಒಬ್ಬರ ಬಾಣಲೆಯ ಅವಸರದ ಫಲವನ್ನು ಹುಟ್ಟಿನಿಂದ ಮಾಂಸ ಮುಟ್ಟದ ನೆರೆಮನೆಯವರು ಉಣ್ಣಬೇಕಾಗಿ ಬರಬಹುದು. ತಪಾಸಣೆಯಾದ ಸಾಕಣೆಯ ಹಂದಿಯಲ್ಲಿ ಈ ಅಪಾಯ ಬಹಳ ಕಡಿಮೆ. ಆದರೆ ದಾರಕ್ಕೆ ಕಟ್ಟಿದ ಬಿಡಿ ಸರಕು ತಾನು ಎಲ್ಲಿಂದ ಬಂದೆ ಎಂದು ಹೇಳುವುದಿಲ್ಲ.

ಅವಸರ ಎಂದೆ. ಆ ಅವಸರ ಎಲ್ಲಿಂದ ಬರುತ್ತದೆ ಎಂಬುದನ್ನೂ ಹೇಳಬೇಕು. ಮುಂಬಯಿ ಸುತ್ತಮುತ್ತ ಬಾಡಿಗೆ ಮನೆ ಹುಡುಕಿದವರಿಗೆ ‘ನಾನ್‌ವೆಜ್ ಮಾಡ್ತೀರಾ?’ ಎಂಬ ಪ್ರಶ್ನೆ ಹೊಸದಲ್ಲ. ಮಾಡುವುದಿಲ್ಲ ಎಂದು ಹೇಳಿ ಮನೆ ಪಡೆದವರು ಕಿಟಕಿ ಮುಚ್ಚಿ, ಫ್ಯಾನ್ ಹಾಕಿ, ವಾಸನೆ ಮೆಟ್ಟಿಲಿಗೆ ಇಳಿಯುವ ಮೊದಲೇ ಉರಿ ಆರಿಸುತ್ತಾರೆ. ಚೋರೀಸಿನ ಬೆಳ್ಳುಳ್ಳಿ ವಿನೆಗರಿನ ಘಮ ಮುಚ್ಚಿಡುವಂಥದ್ದೂ ಅಲ್ಲ. ನಲವತ್ತು ನಿಮಿಷ ಬೇಯಬೇಕಾದದ್ದು ಹತ್ತು ನಿಮಿಷದಲ್ಲಿ ತಟ್ಟೆಗೆ ಬರುತ್ತದೆ. ಮಾಂಸದ ಅಡುಗೆಯನ್ನು ಗುಟ್ಟಿನ ಕೆಲಸ ಮಾಡಿದರೆ ಅಡುಗೆ ನಿಲ್ಲುವುದಿಲ್ಲ, ಅರೆಬೇಯುತ್ತದೆ. ಗುಟ್ಟಿನಲ್ಲಿ ಮಾಡುವ ಕೆಲಸವನ್ನು ಯಾರನ್ನೂ ಕೇಳಿ ಕಲಿಯಲಾಗುವುದಿಲ್ಲ ಎಂಬುದು ಅದಕ್ಕಿಂತ ದೊಡ್ಡ ನಷ್ಟ. ಅಜ್ಜಿಯಿಂದ ಸಾರಿನ ಹದ ಕಲಿತವರು ಸಾಸೇಜನ್ನು ಮೂವತ್ತು ಸೆಕೆಂಡಿನ ವಿಡಿಯೊ ನೋಡಿ ಕಲಿಯುತ್ತಿದ್ದಾರೆ. ಆ ವಿಡಿಯೊದಲ್ಲಿ ಬೇಯುವ ಹೊತ್ತನ್ನು ಕತ್ತರಿಸಿ ತೆಗೆದಿರುತ್ತಾರೆ.

ಹಿರಿಯರು ಥರ್ಮಾಮೀಟರ್ ಇಟ್ಟುಕೊಂಡಿದ್ದರೇ ಎಂದು ಕೇಳುವವರಿಗೆ ಉತ್ತರ ಸರಳ. ಅವರಿಗೆ ಹಂದಿ ಸಾಕಿದವರೂ ಚೋರೀಸ್ ಕಟ್ಟಿದವರೂ ಗೊತ್ತಿದ್ದರು. ಬಿಸಿಲಿನ ತಿಂಗಳಲ್ಲಿ ಮಾಡಿ, ಜೂನ್ ಜುಲೈಯಲ್ಲಿ ಕಡಲಿಗೆ ಇಳಿಯಲಾಗದೆ ಮೀನಿಲ್ಲದಾಗ ತಿನ್ನುತ್ತಿದ್ದರು. ಗೋವಾದಲ್ಲಿ ಮಳೆಗಾಲದ ದಾಸ್ತಾನಿಗೆಂದೇ ಮೇ ತಿಂಗಳಲ್ಲಿ ಪುರುಮೆಂತಿನ ಸಂತೆ ನಡೆಯುತ್ತದೆ. ಮುಖ್ಯವಾಗಿ, ಅವರು ಅದನ್ನು ನೀರು ಹಾಕಿ ನಿಧಾನವಾಗಿ ಬೇಯಿಸುತ್ತಿದ್ದರು. ನಾವು ಅವರ ಸರಕನ್ನು ತೆಗೆದುಕೊಂಡು ಅವರ ವ್ಯವಧಾನವನ್ನು ಬಿಟ್ಟಿದ್ದೇವೆ.

ಸುರಕ್ಷಿತವಾಗಿ ಬೇಯಿಸಿದರೆ ರುಚಿ ಕೆಡುತ್ತದೆ ಎನ್ನುವುದೂ ಸುಳ್ಳು. ಸಾಸೇಜಿನಲ್ಲಿ ಎರಡಕ್ಕೂ ದಾರಿ ಒಂದೇ: ಸಣ್ಣ ಉರಿ, ಸ್ವಲ್ಪ ನೀರು. ಚೋರೀಸಿನ ದಾರ ಕತ್ತರಿಸಿ, ಮೇಲಿನ ಸಿಪ್ಪೆ ಬಿಡಿಸಿ, ಮಾಂಸವನ್ನು ಕುಕ್ಕರಿಗೆ ಹಾಕಿ. ಹೆಚ್ಚಿದ ಎರಡು ಈರುಳ್ಳಿ, ಒಂದು ಬಟ್ಟಲು ನೀರು. ಎಣ್ಣೆ ಬೇಡ, ಉಪ್ಪಂತೂ ಬೇಡವೇ ಬೇಡ, ಎರಡೂ ಅದರಲ್ಲೇ ಇವೆ. ಮೂರು ಸೀಟಿ ಕೂಗಿಸಿ. ಕುಕ್ಕರಿನೊಳಗಿನ ಶಾಖ ಸುಮಾರು 120 ಡಿಗ್ರಿಗೆ ಏರುತ್ತದೆ, ಬೇಯುವ ಹೊತ್ತೆಲ್ಲ ಘಮ ಬಹುಪಾಲು ಒಳಗೇ ಇರುತ್ತದೆ, ಕಿಟಕಿ ಮುಚ್ಚಬೇಕಾದವರಿಗೂ ಅನುಕೂಲ. ಆಮೇಲೆ ಮುಚ್ಚಳ ತೆಗೆದು, ಆಲೂಗಡ್ಡೆ ಹಾಕಿ, ನೀರು ಇಂಗಿ ಕೆಂಪು ಜಿಡ್ಡು ಬಿಡುವವರೆಗೆ ಸಣ್ಣ ಉರಿಯಲ್ಲಿ ಇಡಿ. ಹೆಚ್ಚಿನ ಉಪ್ಪನ್ನೂ ಜಿಡ್ಡನ್ನೂ ಆಲೂಗಡ್ಡೆ ಹೀರಿಕೊಳ್ಳುತ್ತದೆ. ಜೊತೆಗೆ ಪಾವ್ ಇದ್ದರೆ ಸಾಕು.

ಹಸಿ ಸಾಸೇಜನ್ನು ನೇರ ಜೋರು ಉರಿಗೆ ಹಾಕಬೇಡಿ, ಫೋರ್ಕಿನಿಂದ ಚುಚ್ಚಬೇಡಿ. ಸಿಪ್ಪೆ ಒಡೆದರೆ ರಸವೆಲ್ಲ ಸೋರಿ ಒಳಗೆ ರಬ್ಬರ್ ಉಳಿಯುತ್ತದೆ. ಬಾಣಲೆಯಲ್ಲಿ ಅರ್ಧ ಮುಳುಗುವಷ್ಟು ನೀರಿಟ್ಟು, ಕುದಿ ಬರುವ ಮುಂಚಿನ ಹದದಲ್ಲಿ ತಿರುವುತ್ತ ಬೇಯಿಸಿ. ನಡುವೆ 71 ಬಂದ ಮೇಲೆ, ಕೋಳಿಯಾದರೆ 74 ಬಂದ ಮೇಲೆ, ನೀರು ಚೆಲ್ಲಿ ಎಣ್ಣೆ ಸವರಿ ಬಣ್ಣ ಬರಿಸಿ. ಹೆಪ್ಪುಗಟ್ಟಿದ್ದನ್ನು ಹಿಂದಿನ ರಾತ್ರಿಯೇ ಫ್ರಿಜ್ಜಿನ ಕೆಳಗಿನ ಖಾನೆಗೆ ಇಳಿಸಿ, ಅಡುಗೆ ಕಟ್ಟೆಯ ಮೇಲೆ ಬಿಡಬೇಡಿ. ಮನೆಗೆ ಬಂದ ಪ್ಯಾಕೆಟ್ ಮೆತ್ತಗಿದ್ದರೆ ಹಿಂದಿರುಗಿಸಿ. ಹಸಿ ಮಾಂಸ ಕೊಯ್ದ ಚಾಕು ತೊಳೆಯದೆ ಸೌತೆಕಾಯಿಗೆ ಹೋಗಬಾರದು.

ಬೆಂದು ಬಂದ ಸಾಸೇಜೂ ನಡುಭಾಗದವರೆಗೆ ಬಿಸಿಯಾಗಬೇಕು, ಅದರಲ್ಲೂ ಮನೆಯಲ್ಲಿ ಗರ್ಭಿಣಿಯರೋ ವಯಸ್ಸಾದವರೋ ಇದ್ದರೆ. ಲಿಸ್ಟೀರಿಯಾ ಎಂಬ ಬ್ಯಾಕ್ಟೀರಿಯಾ ಫ್ರಿಜ್ಜಿನ ತಂಪಿನಲ್ಲೂ ಬೆಳೆಯುತ್ತದೆ. 2017-18ರಲ್ಲಿ ದಕ್ಷಿಣ ಆಫ್ರಿಕಾದಲ್ಲಿ ಸಾವಿರಕ್ಕೂ ಹೆಚ್ಚು ಜನರಿಗೆ ಅದರ ಸೋಂಕು ತಗಲಿ, ಇನ್ನೂರಕ್ಕೂ ಹೆಚ್ಚು ಜನ ಸತ್ತರು. ಮೂಲ ಪೊಲೊನಿ ಎಂಬ ಸಾಸೇಜ್, ತಿನ್ನಲು ಸಿದ್ಧ ಎಂದು ಮಾರಿದ್ದು.

ಇನ್ನೊಂದು ಮಾತು, ಹೊಸ ಹುರುಪಿನವರಿಗೆ. ಮನೆಯಲ್ಲೇ ಚೋರೀಸ್ ಕಟ್ಟಿ ಬಾಲ್ಕನಿಯಲ್ಲಿ ತೂಗುಹಾಕುವ ಆಸೆ ಬೇಡ, ಜುಲೈಯ ಘಣಸೋಲಿಯಲ್ಲಂತೂ ಬೇಡ. ಬಟ್ಟೆಯೇ ಒಣಗದ ಗಾಳಿ ಅದು. ಬೊಟುಲಿಸಂ ಎಂಬ ಮಾರಕ ವಿಷಬಾಧೆಯ ಹೆಸರು ಬಂದಿರುವುದೇ ಸಾಸೇಜಿನ ಲ್ಯಾಟಿನ್ ಶಬ್ದದಿಂದ. 1820ರ ದಶಕದಲ್ಲಿ ಜರ್ಮನಿಯ ವೈದ್ಯಕವಿ ಜಸ್ಟಿನಸ್ ಕೆರ್ನರ್ ಇಂಥ ಸಾಸೇಜ್ ತಿಂದು ಸತ್ತವರ ಬಗ್ಗೆ ವಿವರವಾಗಿ ಬರೆದ. ಪೆಟ್ಲುಪ್ಪನ್ನೋ ನೈಟ್ರೈಟನ್ನೋ ಹಾಕುವುದು ಇದನ್ನು ತಡೆಯಲು. ಅದರ ಅಳತೆ ತಪ್ಪಿದರೆ ಅದೂ ವಿಷವೇ. ಬೇಕಿದ್ದರೆ ಅದೇ ಮಸಾಲೆ ಕಲಸಿ, ಕರುಳಿಗೆ ತುಂಬದೆ, ಒಣಗಿಸದೆ, ಅದೇ ದಿನ ಬೇಯಿಸಿ ತಿನ್ನಿ. ರುಚಿ ತೀರ ದೂರ ಹೋಗುವುದಿಲ್ಲ.

ಎಷ್ಟು ಚೆನ್ನಾಗಿ ಬೇಯಿಸಿದರೂ ಹೋಗದ ಅಪಾಯವೊಂದಿದೆ, ಅದನ್ನು ಮುಚ್ಚಿಡಬಾರದು. 2015ರಲ್ಲಿ ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ವಿಭಾಗ ಸಂಸ್ಕರಿತ ಮಾಂಸವನ್ನು ಕ್ಯಾನ್ಸರ್‌ಕಾರಕಗಳ ಮೊದಲ ಗುಂಪಿಗೆ ಸೇರಿಸಿತು. ದಿನಕ್ಕೆ 50 ಗ್ರಾಂ ತಿಂದರೆ ದೊಡ್ಡ ಕರುಳಿನ ಕ್ಯಾನ್ಸರಿನ ಸಂಭವ ಶೇಕಡ 18ರಷ್ಟು ಏರುತ್ತದೆ ಎಂದಿತು. ತಂಬಾಕೂ ಅದೇ ಗುಂಪಿನಲ್ಲಿದೆ ಎಂದ ಮಾತ್ರಕ್ಕೆ ಎರಡರ ಅಪಾಯ ಒಂದೇ ಅಲ್ಲ. ಪುರಾವೆ ಅಷ್ಟೇ ಗಟ್ಟಿ ಎಂದು ಅದರ ಅರ್ಥ. ಮಳೆಗಾಲದ ಒಂದು ಭಾನುವಾರದ ಚೋರೀಸಿಗೆ ಹೆದರಬೇಕಿಲ್ಲ. ಮಕ್ಕಳ ಡಬ್ಬಿಗೆ ದಿನಾ ಎರಡು ಸಾಸೇಜ್ ಹಾಕುವ ಅಭ್ಯಾಸದ ಬಗ್ಗೆ ಯೋಚಿಸಬೇಕು.

ನಾನು ಕೇಳುತ್ತಿರುವುದು ದೊಡ್ಡದೇನಲ್ಲ. ಕಂದು ತ್ರಿಕೋನದ ಪಕ್ಕದಲ್ಲಿ ಇನ್ನೊಂದು ಗುರುತು, ಉರಿಯ ಮೇಲಿನ ಪಾತ್ರೆಯ ಚಿತ್ರವೇ ಆಗಲಿ: ಬೇಯಿಸಿಯೇ ತಿನ್ನಬೇಕು ಎಂದು. ಈಗಿನ ನಿಯಮದಲ್ಲಿ ವಿವರಗಳು ಇಂಗ್ಲಿಷಿನಲ್ಲೋ ಹಿಂದಿಯಲ್ಲೋ ಇದ್ದರೆ ಸಾಕು. ಘಣಸೋಲಿಯ ಅಡುಗೆಮನೆಗಳಲ್ಲಿ ಬಾಣಲೆ ಹಿಡಿಯುವ ಕೈಗಳು ಮರಾಠಿಯವು, ಕನ್ನಡದವು, ತುಳುವಿನವು, ಬಂಗಾಳಿಯವು. ಚಿತ್ರಕ್ಕೆ ಭಾಷೆ ಬೇಡ. ಅದು ಬರುವವರೆಗೆ ಅಂಗಡಿಯಲ್ಲಿ ದುಡ್ಡು ಕೊಡುವ ಮುಂಚೆ ಒಂದು ಮಾತು ಕೇಳಿ, ‘ಕಚ್ಚಾ ಆಹೇ ಕೀ ಶಿಜವಲೇಲಂ?’ ಅಂಗಡಿಯವರಿಗೆ ಗೊತ್ತಿಲ್ಲದಿದ್ದರೆ, ಉತ್ತರ ಹಸಿ ಎಂದೇ.