ಆ ಇಪ್ಪತ್ತು ವರ್ಷ ಎಲ್ಲಿ ಹೋಯಿತು?

ಐಟಿ ಕಚೇರಿಗಳಲ್ಲಿ ಈಗ ಹೊಸ ನಮೂನೆಯ ಹರಿಕಥೆ ನಡೆಯುತ್ತಿದೆ. ಮೂರು ತಿಂಗಳಿಗೊಮ್ಮೆ ಹೊರಗಿನಿಂದ ಯಾರನ್ನಾದರೂ ಕರೆಸುತ್ತಾರೆ. ಅವರು ಕಾಲರಿಗೆ ಮೈಕ್ ಸಿಕ್ಕಿಸಿಕೊಂಡು, ವೇದಿಕೆಯ ಮೇಲೆ ಅತ್ತಿಂದಿತ್ತ ಓಡಾಡುತ್ತ, "ನಿಮ್ಮ ಪ್ಯಾಶನ್ ಏನು?" ಎಂದು ಕೇಳುತ್ತಾರೆ. ಆಮೇಲೆ ಕಥೆಗಳು. ಬ್ಯಾಂಕು ಬಿಟ್ಟು ಬೇಕರಿ ಇಟ್ಟವಳ ಕಥೆ, ಐಐಟಿ ಬಿಟ್ಟು ಗಿಟಾರು ಹಿಡಿದವನ ಕಥೆ, ಪ್ರಯೋಗಾಲಯ ಬಿಟ್ಟು ಸೂಪರ್‌ಹಿಟ್ ಸಿನಿಮಾಗಳಿಗೆ ಬರೆದ ವಿಜ್ಞಾನಿಯ ಕಥೆ. ಕೇಳುವವರು ಕನ್ನಡದವರಾದರೆ ಈ ಮೂರನೆಯ ಕಥೆಗೆ ಒಂದು ಹೆಸರೂ ಸಿಗುತ್ತದೆ: ಜಯಂತ ಕಾಯ್ಕಿಣಿ. ಔಷಧ ಕಾರ್ಖಾನೆಯಲ್ಲಿ ಕೆಮಿಸ್ಟ್ ಆಗಿದ್ದರಂತೆ, ಒಂದು ದಿನ ರಾಜೀನಾಮೆ ಕೊಟ್ಟರಂತೆ, 'ಮುಂಗಾರು ಮಳೆ'ಗೆ ಹಾಡು ಬರೆದರಂತೆ, ಕರ್ನಾಟಕವೇ ತೊಯ್ದು ಹೋಯಿತಂತೆ. ನೀವ್ಯಾಕೆ ಇನ್ನೂ ಕೂತಿದ್ದೀರಿ?

ನಾನು ಕಾಯ್ಕಿಣಿಯವರ ಹಳೆಯ ಓದುಗ. ಈ ಕಥೆ ಕೇಳಿದಾಗಲೆಲ್ಲ ನನಗೆ ಸಿಟ್ಟು ಬರುತ್ತದೆ. ಇದರಲ್ಲಿ ಸುಳ್ಳು ಹೆಚ್ಚೇನಿಲ್ಲ, ಆದರೆ ನಡುವಿನ ಇಪ್ಪತ್ತು ವರ್ಷ ಕಾಣೆಯಾಗಿದೆ.

ಇಸವಿಗಳನ್ನು ಸಾಲಾಗಿ ಇಟ್ಟು ನೋಡಿ. ಗೋಕರ್ಣದ ಹುಡುಗ, ಹುಟ್ಟಿದ್ದು 1955ರಲ್ಲಿ. ತಂದೆ ಗೌರೀಶ ಕಾಯ್ಕಿಣಿ ಮೇಷ್ಟರು, ವಿದ್ವಾಂಸರು, ಲೇಖಕರು. ಮೊದಲ ಕವನ ಸಂಕಲನ 'ರಂಗದಿಂದೊಂದಿಷ್ಟು ದೂರ' ಬಂದದ್ದು 1974ರಲ್ಲಿ. ಅದಕ್ಕೆ ರಾಜ್ಯ ಸಾಹಿತ್ಯ ಅಕಾಡೆಮಿ ಬಹುಮಾನ ಬಂದಾಗ ಕವಿಗೆ ಹತ್ತೊಂಬತ್ತು ವರ್ಷ. ಧಾರವಾಡದ ಕರ್ನಾಟಕ ವಿಶ್ವವಿದ್ಯಾಲಯದಲ್ಲಿ ಜೀವರಸಾಯನಶಾಸ್ತ್ರದ ಎಂ.ಎಸ್ಸಿ. ಮಾಡಿ, ಮುಂಬೈಯ ಔಷಧ ಉದ್ಯಮದಲ್ಲಿ ಕೆಮಿಸ್ಟ್ ಆಗಿ ಸೇರಿದ್ದು ಆಮೇಲೆ. ಅಂದರೆ ಕೆಮಿಸ್ಟ್ ಕವಿಯಾದದ್ದಲ್ಲ. ಕವಿಯೊಬ್ಬ ಹೊಟ್ಟೆಪಾಡಿಗೆ ಕೆಮಿಸ್ಟ್ ಆದ, ಎರಡು ದಶಕಕ್ಕೂ ಹೆಚ್ಚು ಕಾಲ ಆ ಕೆಲಸ ಮಾಡಿದ.

ಆ ಎರಡು ದಶಕದಲ್ಲಿ ಅವರು ರಾಜೀನಾಮೆಯ ಕನಸು ಕಾಣುತ್ತ ಕೂತಿರಲಿಲ್ಲ. 'ದಗಡೂ ಪರಬನ ಅಶ್ವಮೇಧ' ಬಂದದ್ದು ಆಗಲೇ, 'ಅಮೃತಬಳ್ಳಿ ಕಷಾಯ' ಬಂದದ್ದೂ ಆಗಲೇ. ಅಕಾಡೆಮಿ ಬಹುಮಾನ ಇನ್ನೂ ಮೂರು ಸಲ ಬಂತು. ಲೋಕಲ್ ರೈಲು, ಚಾಳು, ಖೋಲಿ, ಸಿನಿಮಾ ಥಿಯೇಟರಿನ ಕೆಲಸದವರು, ಸ್ಟಂಟ್ ಮಾಡುವವರು, ಊರು ಬಿಟ್ಟು ಬಂದು ಹೆಸರನ್ನೂ ಅರ್ಧ ಕಳೆದುಕೊಂಡ ಹುಡುಗರು. ಇವರನ್ನೆಲ್ಲ ಬೆಂಗಳೂರಿನ ಕಿಟಕಿಯಲ್ಲಿ ಕೂತು ಬರೆಯಲಾಗುತ್ತಿರಲಿಲ್ಲ. ಬೆಳಿಗ್ಗೆ ಡಬ್ಬಿ ಹಿಡಿದು ಅದೇ ರೈಲಿಗೆ ಓಡಿದವನಿಗೆ ಮಾತ್ರ ಅವರು ಪಕ್ಕದ ಸೀಟಿನಲ್ಲಿ ಸಿಗುತ್ತಾರೆ. ಮುಂದೆ ತೇಜಸ್ವಿನಿ ನಿರಂಜನ ಆ ಮುಂಬೈ ಕಥೆಗಳನ್ನು 'ನೋ ಪ್ರೆಸೆಂಟ್ಸ್ ಪ್ಲೀಸ್' ಎಂದು ಇಂಗ್ಲಿಷಿಗೆ ತಂದರು. ಅದಕ್ಕೆ 2018ರ ಸಾಲಿನ ಡಿಎಸ್‌ಸಿ ದಕ್ಷಿಣ ಏಷ್ಯಾ ಸಾಹಿತ್ಯ ಪ್ರಶಸ್ತಿ ಬಂತು. ಅನುವಾದವೊಂದು ಆ ಪ್ರಶಸ್ತಿ ಪಡೆದದ್ದು ಅದೇ ಮೊದಲು. ಹೊರಗಿನ ಜಗತ್ತು ಗುರುತಿಸಿದ ಕಾಯ್ಕಿಣಿ, ಸಂಬಳದ ಕಾಲದ ಆ ಮುಂಬೈಯಿಂದ ಎದ್ದು ಬಂದವರು. ಇದನ್ನು ನಮ್ಮ ಕಾಲರ್ ಮೈಕಿನವರು ಹೇಳುವುದೇ ಇಲ್ಲ.

2000ದ ಹೊತ್ತಿಗೆ ಬೆಂಗಳೂರಿಗೆ ಬಂದರು. ಬಂದದ್ದೂ ಗಾಳಿಗೆ ಹಾರಿಕೊಂಡಲ್ಲ, 'ಭಾವನಾ' ಮಾಸಿಕದ ಸಂಪಾದಕರಾಗಿ. ಆಮೇಲೆ ಟೀವಿಯ ಕೆಲಸ. ನಾಗಾಭರಣ ಅವರ 'ಚಿಗುರಿದ ಕನಸು' ಮೂಲಕ ಸಿನಿಮಾಕ್ಕೆ ಬರೆಯತೊಡಗಿದ್ದು 2003ರಲ್ಲಿ, ನಲವತ್ತೆಂಟರ ಪ್ರಾಯದಲ್ಲಿ. 'ಮುಂಗಾರು ಮಳೆ' ತೆರೆಗೆ ಬಂದದ್ದು 2006ರ ಡಿಸೆಂಬರ್ 29ಕ್ಕೆ. ಆಗ ಐವತ್ತೊಂದು ದಾಟಿ ಐವತ್ತೆರಡರ ಹೊಸ್ತಿಲಲ್ಲಿದ್ದರು. ಆ ಚಿತ್ರ ಬೆಂಗಳೂರಿನ ಮಲ್ಟಿಪ್ಲೆಕ್ಸ್ ಒಂದರಲ್ಲೇ ವರ್ಷಕ್ಕೂ ಹೆಚ್ಚು ಓಡಿತು. ಸೋನು ನಿಗಮ್ ಹಾಡಿದ ಆ ಹಾಡು ಗೊತ್ತಿಲ್ಲದ ಕನ್ನಡಿಗ ಪುಣೆಯಲ್ಲೂ ಸಿಗಲಿಕ್ಕಿಲ್ಲ. ಅಂದಹಾಗೆ, ಅದಕ್ಕೆ ಸಂಗೀತ ಕೊಟ್ಟ ಮನೋಮೂರ್ತಿ ಅಮೆರಿಕದಲ್ಲಿ ಸಾಫ್ಟ್‌ವೇರ್ ಉದ್ಯಮ ನಡೆಸಿದವರು. ನಮ್ಮ ಜಾತಿಯವರೇ ಅನ್ನಿ.

ಒಂದು ರಾಜೀನಾಮೆ, ಒಂದು ಹಿಟ್. ಮೂವತ್ತೆರಡು ವರ್ಷದ ಬರವಣಿಗೆಯನ್ನು ಅಳಿಸಿ ಹಾಕಿ ಇಷ್ಟನ್ನೇ ಉಳಿಸಿದರೆ ಕೇಳುವ ಹುಡುಗನಿಗೆ ಏನು ಅನ್ನಿಸಬೇಕು? ಬರೆಯಲು ಬೇಕಾದದ್ದು ಧೈರ್ಯ ಒಂದೇ ಎಂದು. ಬರವಣಿಗೆ ಮಾತ್ರ ಈ ಲೆಕ್ಕದಲ್ಲಿ ಎಲ್ಲೂ ಬರುವುದೇ ಇಲ್ಲ.

ಇನ್ನೊಂದು ಕಡೆಯವರೂ ಇದ್ದಾರೆ. ಒಳ್ಳೆಯ ಕಥೆಗಾರ ಸಿನಿಮಾ ಹಾಡಿಗೆ ಬಿದ್ದು ಹಾಳಾದ ಎಂದು ಮೂಗು ಮುರಿಯುವ ಸಾಹಿತ್ಯದ ಹಿರಿಯರು. ಅವರಿಗೆ ಹೆಚ್ಚು ಜಾಗ ಕೊಡುವುದಿಲ್ಲ, ನಮ್ಮ ದೇಹೂ ರೋಡಿನ ಕಡೆಯ ಒಂದು ಸಂಗತಿ ಹೇಳಿ ಬಿಡುತ್ತೇನೆ. ನಮ್ಮ ಮನೆಯಿಂದ ಸ್ಕೂಟರಿನಲ್ಲಿ ಹೊರಟರೆ ತುಕಾರಾಮರ ದೇಹೂ ಹೆಚ್ಚು ದೂರವಿಲ್ಲ. ಕಿರಾಣಿ ವ್ಯಾಪಾರದ ಮನೆಯಲ್ಲಿ ಹುಟ್ಟಿ, ಬರಗಾಲದಲ್ಲಿ ಎಲ್ಲ ಕಳೆದುಕೊಂಡು ಅಭಂಗ ಬರೆದ ಮನುಷ್ಯ. 1936ರಲ್ಲಿ ಪುಣೆಯ ಪ್ರಭಾತ್ ಕಂಪನಿ ಆತನ ಮೇಲೆ 'ಸಂತ ತುಕಾರಾಮ್' ತೆಗೆಯಿತು. ದಾಮ್ಲೆ ಮತ್ತು ಫತ್ತೇಲಾಲ್ ನಿರ್ದೇಶಕರು. ಮುಂಬೈಯಲ್ಲಿ ಅದೂ ವರ್ಷಕ್ಕೂ ಹೆಚ್ಚು ಓಡಿತು, ವೆನಿಸ್ ಚಿತ್ರೋತ್ಸವದವರೆಗೆ ಹೋಯಿತು. ಅದರಲ್ಲಿನ ಒಂದು ಹಾಡು ತುಕಾರಾಮರದಲ್ಲ, ಚಿತ್ರದ ಗೀತರಚನೆಕಾರ ಶಾಂತಾರಾಮ ಆಠವಲೆಯವರದು. ಜನ ಅದನ್ನು ತುಕೋಬರ ಅಭಂಗವೆಂದೇ ನಂಬಿ ಹಾಡಿಕೊಂಡರು, ಈಗಲೂ ನಂಬುವವರಿದ್ದಾರೆ. ಸಂಭಾವನೆ ತೆಗೆದುಕೊಂಡು ಟ್ಯೂನಿಗೆ ಬರೆದ ಸಿನಿಮಾ ಹಾಡೊಂದು ವಾರಕರಿಗಳ ಬಾಯಿಗೆ ಹೋಗಿ ಸೇರಿಕೊಂಡಿತು. ಮೂಗು ಮುರಿಯುವವರು ಇದಕ್ಕೇನನ್ನುತ್ತಾರೋ.

ನಿಜವಾಗಿ ಹಾರಿದವರೂ ಇದ್ದಾರೆ ಎಂದು ನೀವು ಹೇಳಬಹುದು. ಇದ್ದಾರೆ. ಅವರನ್ನೂ ನೋಡೋಣ. ಗಿರೀಶ ಕಾಸರವಳ್ಳಿ ಮಣಿಪಾಲದಲ್ಲಿ ಬಿ.ಫಾರ್ಮ್ ಓದಿದವರು. ಔಷಧದ ದಾರಿ ಬಿಟ್ಟು ಸೀದಾ ಪುಣೆಗೆ ಬಂದು ಫಿಲ್ಮ್ ಇನ್‌ಸ್ಟಿಟ್ಯೂಟ್ ಸೇರಿದರು, 1975ರಲ್ಲಿ ಅಲ್ಲಿಂದ ಹೊರಬಿದ್ದರು, 1977ರ 'ಘಟಶ್ರಾದ್ಧ'ಕ್ಕೆ ಸ್ವರ್ಣಕಮಲ ಬಂತು. ಆ ಇನ್‌ಸ್ಟಿಟ್ಯೂಟ್ ಇರುವುದು ಇದೇ ಪ್ರಭಾತ್ ಸ್ಟುಡಿಯೋದ ಜಾಗದಲ್ಲಿ. ದೇಹೂ ರೋಡಿನಲ್ಲಿ ಲೋಕಲ್ ಹತ್ತಿ ಶಿವಾಜಿನಗರದಲ್ಲಿಳಿದರೆ ಅಲ್ಲಿಂದ ರಿಕ್ಷಾ ದೂರ. ಕಾಸರವಳ್ಳಿಯವರ ಧೈರ್ಯ ಸಣ್ಣದಲ್ಲ. ಆದರೆ ಕೆಳಗೆ ಸರ್ಕಾರದ ದುಡ್ಡಿನಲ್ಲಿ ಕಟ್ಟಿದ ಒಂದು ಬಲೆ ಇತ್ತು: ಸ್ಟುಡಿಯೋ, ಕ್ಯಾಮೆರಾ, ಮೇಷ್ಟರುಗಳು, ಕೆಲವು ವರ್ಷ ಬರೀ ಕಲಿಯುವ ಅವಕಾಶ. ನಾಸಾದ ಪ್ರಯೋಗಾಲಯದಲ್ಲಿ ವಿಜ್ಞಾನಿಯಾಗಿದ್ದ ಬೇದವ್ರತ ಪೈನ್ ಅವರನ್ನು ತೆಗೆದುಕೊಳ್ಳಿ. ನಮ್ಮ ಮೊಬೈಲುಗಳಲ್ಲಿರುವ ಥರದ ಇಮೇಜ್ ಸೆನ್ಸರನ್ನು ಕಂಡುಹಿಡಿದ ತಂಡದಲ್ಲಿದ್ದವರು, ಹತ್ತಾರು ಪೇಟೆಂಟ್ ಇರುವವರು. ಅದನ್ನು ಬಿಟ್ಟು 2012ರಲ್ಲಿ 'ಚಿತ್ತಗಾಂಗ್' ಮಾಡಿದರು, ಚೊಚ್ಚಲ ಚಿತ್ರಕ್ಕೆ ರಾಷ್ಟ್ರ ಪ್ರಶಸ್ತಿ ಪಡೆದರು. ನಾಸಾದಲ್ಲಿ ದುಡಿದು ಹೆಸರು ಮಾಡಿ ಹಾರುವುದಕ್ಕೂ, ಎರಡು ಇಎಂಐ ಬಾಕಿ ಇಟ್ಟುಕೊಂಡು ವಾಕಡ್‌ನ ಪೀಜಿಯಿಂದ ಹಾರುವುದಕ್ಕೂ ವ್ಯತ್ಯಾಸವಿದೆ.

ಕಾಸರವಳ್ಳಿಯವರ 2020ರ ಚಿತ್ರ 'ಇಲ್ಲಿರಲಾರೆ ಅಲ್ಲಿಗೆ ಹೋಗಲಾರೆ' ಕಾಯ್ಕಿಣಿಯವರ 'ಹಾಲಿನ ಮೀಸೆ' ಕಥೆಯನ್ನು ಆಧರಿಸಿದ್ದು. ಬಿ.ಫಾರ್ಮ್ ಮತ್ತು ಜೀವರಸಾಯನದ ಎಂ.ಎಸ್ಸಿ. ಒಂದೇ ಚಿತ್ರದಲ್ಲಿ! ಒಬ್ಬರು ಇಪ್ಪತ್ತರ ಆಸುಪಾಸಿನಲ್ಲೇ ಔಷಧ ಬಿಟ್ಟವರು, ಇನ್ನೊಬ್ಬರು ನಲವತ್ತು ದಾಟುವವರೆಗೆ ಅದರಲ್ಲೇ ಇದ್ದವರು. ಇಬ್ಬರಿಗೂ ಯಾವುದೋ ಒಂದು ಆಸರೆ ಇತ್ತು, ಒಬ್ಬರಿಗೆ ಸಂಸ್ಥೆ, ಇನ್ನೊಬ್ಬರಿಗೆ ಸಂಬಳ. ಮದ್ರಾಸಿನ ಪ್ರೆಸಿಡೆನ್ಸಿ ಕಾಲೇಜಿನಲ್ಲಿ ಸಸ್ಯಶಾಸ್ತ್ರ ಕಲಿಸುತ್ತಲೇ ಕನ್ನಡದಲ್ಲಿ ಬರೆದ ಬಿಜಿಎಲ್ ಸ್ವಾಮಿಯವರಂತೂ ಏನನ್ನೂ ಬಿಡಲಿಲ್ಲ, 'ಹಸುರು ಹೊನ್ನು' ಕೊಟ್ಟರು.

ನಮ್ಮ ತಂಡದಲ್ಲಿ ಬಾಗಲಕೋಟೆ ಕಡೆಯ ಹುಡುಗನೊಬ್ಬನಿದ್ದಾನೆ. ಇಪ್ಪತ್ತಾರು ವಯಸ್ಸು. ಇಂಥದೊಂದು ಭಾಷಣವಾದ ವಾರದಲ್ಲೇ ನನ್ನ ಹತ್ತಿರ ಬಂದ.

"ಸರ, ಪೇಪರ್ ಹಾಕ್ಬೇಕಂತ ಮಾಡೇನ್ರಿ. ಬೆಂಗಳೂರಿಗೆ ಹೋಗಿ ಸ್ಕ್ರಿಪ್ಟ್ ಬರಿಯಾಂವ."

"ಬರೆದದ್ದು ಏನಾದರೂ ಇದ್ದರೆ ತೋರಿಸಪಾ."

"ಬರಿಯಾಕ ಟೈಮ್ ಎಲ್ಲೈತ್ರಿ ಸರ?"

ಅವನ ಮನೆಯ ಸಂಗತಿ ನನಗೆ ಗೊತ್ತಿತ್ತು. ಅಪ್ಪನ ಬೋರ್‌ವೆಲ್ ಸಾಲ, ತಂಗಿಯ ಬಿ.ಎಡ್. ಫೀಸು. ಸಿನಿಮಾದಲ್ಲಿ ಹೊಸ ಬರಹಗಾರನಿಗೆ ಮೊದಲ ಚೆಕ್ ಬರುವುದು ಯಾವಾಗ, ಬಂದರೂ ಅದು ಪಾಸಾಗುವುದು ಯಾವಾಗ ಎಂದು ಕೇಳಿದರೆ ಗಾಂಧಿನಗರದಲ್ಲಿ ನಗುತ್ತಾರೆ. ಚಿತ್ರಗೀತೆ ಬರೆದವರಿಗೂ ಸಂಗೀತ ಕೊಟ್ಟವರಿಗೂ ಥಿಯೇಟರಿನ ಹೊರಗಿನ ಬಳಕೆಯ ರಾಯಲ್ಟಿಯಲ್ಲಿ ಸಮಪಾಲು ಇರಬೇಕು, ಅದನ್ನು ಬರೆಸಿಕೊಂಡು ಕಸಿಯುವಂತಿಲ್ಲ ಎಂದು ಕೃತಿಸ್ವಾಮ್ಯ ಕಾಯ್ದೆಗೆ ತಿದ್ದುಪಡಿ ಬಂದದ್ದೇ 2012ರಲ್ಲಿ. ಅಲ್ಲಿಯವರೆಗೆ ಊರೆಲ್ಲ ಗುನುಗಿದ ಹಾಡಿಗೆ ಬರೆದವನಿಗೆ ಸಾಮಾನ್ಯವಾಗಿ ಸಿಗುತ್ತಿದ್ದದ್ದು ಒಂದೇ ಸಲದ ಸಂಭಾವನೆ. ಇದನ್ನೆಲ್ಲ ಅವನಿಗೆ ಹೇಳಿದೆ. ಅವನು ತಲೆಯಾಡಿಸಿದ.

ಆದರೆ ಅವನ ಪ್ರಶ್ನೆ ಅಲ್ಲೇ ಉಳಿಯಿತು. ಟೈಮ್ ಎಲ್ಲೈತ್ರಿ? ಸಂಬಳ ತೆಗೆದುಕೊಳ್ಳುತ್ತಲೇ ಬರೆಯಿರಿ, ಕಾಯ್ಕಿಣಿ ಬರೆದ ಹಾಗೆ, ಎಂದು ಉಪದೇಶ ಮಾಡುವವರು ಮೊದಲು ಇದಕ್ಕೆ ಉತ್ತರ ಹೇಳಬೇಕು. ನಾನೂ ಹೇಳಬೇಕು. ಆ ಕಾಲದ ಕಾರ್ಖಾನೆಗೆ ಶಿಫ್ಟ್ ಎಂಬುದಿತ್ತು. ಶಿಫ್ಟ್ ಮುಗಿದ ಮೇಲೆ ಕೆಮಿಸ್ಟ್ ರಿಯಾಕ್ಟರನ್ನು ಬೆನ್ನಿಗೆ ಹಾಕಿಕೊಂಡು ಮನೆಗೆ ಹೋಗುವಂತಿರಲಿಲ್ಲ. ನಮ್ಮ ಹುಡುಗರು ಕಾರ್ಖಾನೆಯನ್ನೇ ಬೆನ್ನಿಗೆ ಹಾಕಿಕೊಂಡು ಹೋಗುತ್ತಾರೆ. ಹಿಂಜವಡಿಯ ಟ್ರಾಫಿಕ್ಕಿನಲ್ಲಿ ಒಂದೂವರೆ ಗಂಟೆ, ಮನೆಗೆ ಬಂದು ಕೈಕಾಲು ತೊಳೆಯುವಷ್ಟರಲ್ಲಿ ಅಮೆರಿಕದವರಿಗೆ ಬೆಳಗಾಗಿ ಕಾಲ್ ಶುರು.

2023ರ ಅಕ್ಟೋಬರಿನಲ್ಲಿ ನಾರಾಯಣ ಮೂರ್ತಿಯವರು ಯುವಕರು ವಾರಕ್ಕೆ 70 ಗಂಟೆ ದುಡಿಯಬೇಕೆಂದರು. ಆರು ದಿನಕ್ಕೆ ಹಂಚಿದರೆ ದಿನಕ್ಕೆ ಹನ್ನೊಂದು ಗಂಟೆ ನಲವತ್ತು ನಿಮಿಷ, ಪ್ರಯಾಣ ಬೇರೆ. 2024ರಲ್ಲಿ ಕರ್ನಾಟಕದಲ್ಲೇ ಐಟಿ ನೌಕರರ ದಿನದ ದುಡಿಮೆಯನ್ನು 14 ಗಂಟೆಯವರೆಗೆ ಎಳೆಯುವ ಪ್ರಸ್ತಾಪ ಬಂದು, ನೌಕರರ ಸಂಘ ಬೀದಿಗಿಳಿಯಬೇಕಾಯಿತು. ಈ 70 ಗಂಟೆಯ ಉಪದೇಶಕ್ಕೂ 'ಪ್ಯಾಶನ್ ಹಿಂದೆ ಹೋಗಿ' ಎಂಬ ಉಪದೇಶಕ್ಕೂ ಜಗಳವಿದೆ ಎಂದು ನೀವು ತಿಳಿದಿದ್ದರೆ ಮತ್ತೊಮ್ಮೆ ಯೋಚಿಸಿ. ಎರಡೂ ಒಂದೇ ಸಭಾಂಗಣದಲ್ಲಿ, ಒಂದೇ ಎಚ್‌ಆರ್ ವಿಭಾಗದ ಖರ್ಚಿನಲ್ಲಿ ನಡೆಯುತ್ತವೆ. ಸಂಜೆಯನ್ನು ಕಸಿದುಕೊಂಡ ಮೇಲೆ ಉಳಿಯುವ ಆಯ್ಕೆ ಎರಡೇ: ಪೂರ್ತಿ ಇರು ಅಥವಾ ಪೂರ್ತಿ ಹೋಗು. ಇದ್ದುಕೊಂಡೇ ಇನ್ನೊಂದನ್ನು ಬೆಳೆಸುವ ದಾರಿ, ಅಂದರೆ ಕಾಯ್ಕಿಣಿ ನಡೆದ ದಾರಿ, ಮುಚ್ಚಿಹೋಗುತ್ತದೆ. ಹೋದವನು ಗೆದ್ದರೆ ಮುಂದಿನ ಭಾಷಣಕ್ಕೆ ಒಂದು ಉದಾಹರಣೆ. ಸೋತರೆ ಅವನಿಗೆ ಪ್ಯಾಶನ್ ಸಾಲಲಿಲ್ಲ.

ಹಾಗಾಗಿ ಧೈರ್ಯದ ಮಾತು ನನಗೆ ಬೇಡ. ರಾತ್ರಿ ಏಳರಿಂದ ಹತ್ತು, ಅಷ್ಟು ಕೊಡಿ. ಬೇಕಾದರೆ ಆ ಭಾಷಣಕಾರರ ಫೀಸನ್ನು ಉಳಿಸಿ ಒಬ್ಬ ಹುಡುಗನನ್ನು ಹೆಚ್ಚಿಗೆ ತೆಗೆದುಕೊಳ್ಳಿ, ಕಾಲ್ ಸರದಿ ಹಂಚಿಕೊಳ್ಳುತ್ತಾರೆ. ಇದು ಸಾಧ್ಯವಿಲ್ಲ ಎನ್ನುವ ಮ್ಯಾನೇಜರುಗಳಿಗೆ ನನ್ನ ಉತ್ತರ: ನಾನೂ ಮ್ಯಾನೇಜರೇ. ಹೆರಿಗೆಗೆ, ಮದುವೆಗೆ, ಗಣಪತಿ ಹಬ್ಬಕ್ಕೆ ಸರದಿ ಹೊಂದಿಸಲು ಬರುವವರಿಗೆ ಇದು ಬರುವುದಿಲ್ಲವೆಂದರೆ ನಾನು ನಂಬುವುದಿಲ್ಲ. ನಮ್ಮ ತಂಡದಲ್ಲಿ ಈಗ ಪ್ರತಿಯೊಬ್ಬರಿಗೂ ವಾರಕ್ಕೆ ಮೂರು ಸಂಜೆ ಕಾಲ್ ಇಲ್ಲ. ಕ್ಲೈಂಟ್ ಮೊದಲ ತಿಂಗಳು ಗೊಣಗಿದ, ಆಮೇಲೆ ಸುಮ್ಮನಾದ. ಮೇಲಿನವರು ಇನ್ನೂ ಗೊಣಗುತ್ತಿದ್ದಾರೆ.

ಬಾಗಲಕೋಟೆಯ ಹುಡುಗ ಪೇಪರ್ ಹಾಕಿಲ್ಲ. ಬರೀ ಸಿನಿಮಾ ಎನ್ನುತ್ತಿದ್ದವನು ಈಗ ಕಥೆಯನ್ನೂ ಓದುತ್ತಿದ್ದಾನೆ, ನನ್ನ 'ಅಮೃತಬಳ್ಳಿ ಕಷಾಯ' ಅವನ ಪೀಜಿಗೆ ಹೋಗಿ ಎರಡು ತಿಂಗಳಾಯಿತು. ಕಳೆದ ಶನಿವಾರ ಹನ್ನೊಂದು ಪುಟ ತಂದು ಕೊಟ್ಟ. ಬೋರ್‌ವೆಲ್ ಕೊರೆಯುವ ಲಾರಿಯೊಂದು ರಾತ್ರಿ ಊರಿಗೆ ಬರುವ ದೃಶ್ಯ. ಮೊದಲ ನಾಲ್ಕು ಪುಟದಲ್ಲಿ ಮಾತು ವಿಪರೀತ, ಕತ್ತರಿಸು ಎಂದಿದ್ದೇನೆ. ಐದನೆಯ ಪುಟದಲ್ಲಿ ಅವನ ಅಪ್ಪ ಮೀಟರ್ ಹಿಡಿದವನಿಗೆ ಚಹಾ ಕೊಡುತ್ತ, ಎಷ್ಟು ಅಡಿ ಹೋಯಿತು ಎಂದು ಕೇಳಲು ಹೆದರಿ, ಚಹಾಕ್ಕೆ ಸಕ್ಕರೆ ಸಾಕೇ ಎಂದು ಕೇಳುತ್ತಾನೆ. ಆ ಪುಟವನ್ನು ಮುಟ್ಟಬೇಡ ಎಂದು ಹೇಳಿ ಕಳಿಸಿದೆ.