ಕಣದ ಗಾತ್ರವೂ ಸೀಸೆಯ ಚೀಟಿಯೂ

ಮಲೆನಾಡಿನ ಅಡಕೆ ಬೆಳೆಗಾರರಿಗೆ ಬೋರ್ಡೋ ದ್ರಾವಣವು ಹೊಸತಲ್ಲ. 1908ರಲ್ಲಿ ಮೈಸೂರು ಸಂಸ್ಥಾನದ ಸೇವೆಗೆ ಬಂದ ಡಾಕ್ಟರ್ ಲೆಸ್ಲಿ ಕೋಲ್ಮನ್ನರು ಕೊಳೆರೋಗಕ್ಕೆ ಅದನ್ನು ಬಳಕೆಗೆ ತಂದ ಮೇಲೆ, ಮೈಲುತುತ್ತು ಸುಣ್ಣಗಳನ್ನು ಬೆರಸಿದ ದಿನವೇ ಸಿಂಪಡಿಸತಕ್ಕದ್ದೆಂಬ ನಿಯಮವು ತೋಟಗಳಲ್ಲಿ ನೆಲೆಗೊಂಡಿತು. ಬೆರಸಿದೊಡನೆ ಹುಟ್ಟುವ ನೀಲಿಯ ಗಷ್ಟು ಅತಿ ನಯವಾಗಿದ್ದು ಕಾಯಿಯ ಮೇಲೆ ಪೊರೆಯಂತೆ ಹಿಡಿಯುತ್ತದೆ. ಹಾಗೆಯೇ ಇಟ್ಟರೆ ಕಣಗಳು ದಪ್ಪನಾಗಿ ಹರಳುಗಟ್ಟಿ, ಮಳೆಗೆ ತೊಳೆದುಹೋಗುತ್ತವೆ. ಹಂಡೆಯಲ್ಲಿ ತಾಮ್ರವು ಮೊದಲಿನಷ್ಟೇ ಇರುತ್ತದೆ. ಕೆಟ್ಟದ್ದು ಕಣದ ಗಾತ್ರ ಮಾತ್ರ.

ಈಗ ಅಂಗಡಿಗಳಿಗೆ ಬರುತ್ತಿರುವ ನ್ಯಾನೋ ಗೊಬ್ಬರಗಳನ್ನೂ ಔಷಧಗಳನ್ನೂ ರೈತರು ಈ ಅನುಭವದ ಬೆಳಕಿನಲ್ಲಿಯೇ ನೋಡುವುದು ಯುಕ್ತ. ನ್ಯಾನೋಮೀಟರೆಂದರೆ ಮೀಟರಿನ ನೂರುಕೋಟಿಯಲ್ಲಿ ಒಂದು ಪಾಲು. 1ರಿಂದ 100 ನ್ಯಾನೋಮೀಟರಿನೊಳಗಿನ ಕಣಗಳಿಗೆ ಈ ಹೆಸರು ಸಲ್ಲುತ್ತದೆ. ಒಂದು ಘನ ಸೆಂಟಿಮೀಟರಿನ ತುಂಡೊಂದರ ಮೈ 6 ಚದರ ಸೆಂಟಿಮೀಟರು. ಅದನ್ನೇ 1 ನ್ಯಾನೋಮೀಟರಿನ ಘನಗಳಾಗಿ ಒಡೆದರೆ ಒಟ್ಟು ಮೈ 6,000 ಚದರ ಮೀಟರು, ಎಂದರೆ ಸುಮಾರು ಒಂದೂವರೆ ಎಕರೆ! ಕರಗುವುದು, ಅಂಟುವುದು, ಬೇರೊಂದರೊಡನೆ ಕೂಡುವುದು ಎಲ್ಲವೂ ವಸ್ತುವಿನ ಮೈಯಲ್ಲಿ ನಡೆಯತಕ್ಕ ಕಾರ್ಯಗಳಾದುದರಿಂದ, ಹೀಗೆ ಒಡೆದ ವಸ್ತುವಿನ ಸ್ವಭಾವವೇ ಬೇರೆಯಾಗುವುದರಲ್ಲಿ ಆಶ್ಚರ್ಯವಿಲ್ಲ.

ಜೀವಿಯ ಶರೀರವು ಅಳತೆಯ ಬಾಗಿಲುಗಳುಳ್ಳ ಮನೆ. 2008ರಲ್ಲಿ ಪ್ರಕಟವಾದ ಒಂದು ಪ್ರಯೋಗದಲ್ಲಿ, ವಿಸಿಯಾ ಫಾಬಾ ಎಂಬ ದ್ವಿದಳ ಸಸ್ಯದ ಪತ್ರರಂಧ್ರಗಳ ಮೂಲಕ 43 ನ್ಯಾನೋಮೀಟರಿನ ಕಣಗಳು ಎಲೆಯೊಳಕ್ಕೆ ಹೋದುವು. 1,100 ನ್ಯಾನೋಮೀಟರಿನವು ಹೊರಗೇ ಉಳಿದುವು. ಆದರೆ ಒಳಹೊಕ್ಕ ಕಣಕ್ಕೆ ಮುಂದೆ ಜೀವಕೋಶದ ಗೋಡೆಯು ಅಡ್ಡವಿದೆ. ಅದರ ರಂಧ್ರಗಳು ಬಹುಮಟ್ಟಿಗೆ 20 ನ್ಯಾನೋಮೀಟರಿಗಿಂತ ಕಿರಿದು. ಪ್ರಾಣಿಗಳಲ್ಲಿಯೂ ಹೀಗೆಯೇ. ಸುಮಾರು 5.5 ನ್ಯಾನೋಮೀಟರಿಗಿಂತ ಸಣ್ಣ ಕಣಗಳು ಮೂತ್ರದೊಡನೆ ಹೊರಬೀಳುವುದನ್ನು 2007ರಲ್ಲಿ ಪ್ರಯೋಗದಿಂದ ಕಂಡರು. ದೊಡ್ಡವು ಯಕೃತ್ತು, ಗುಲ್ಮಗಳಲ್ಲಿ ಸೇರಿಕೊಳ್ಳುತ್ತವೆ. ಚಿಕ್ಕದಾದಷ್ಟೂ ಒಳ್ಳೆಯದೆಂಬ ಸೂತ್ರವೂ ಇಲ್ಲ. ಪ್ರಯೋಗಶಾಲೆಯ ಮಾನವ ಜೀವಕೋಶಗಳು 14 ಅಥವಾ 100 ನ್ಯಾನೋಮೀಟರಿನ ಚಿನ್ನದ ಕಣಗಳಿಗಿಂತ 50ರ ಕಣಗಳನ್ನು ಹೆಚ್ಚಾಗಿ ನುಂಗಿದುವೆಂದು 2006ರ ಪರೀಕ್ಷೆಯು ತೋರಿಸಿತು. ಆಭರಣವಾಗಿ ನಿರುಪದ್ರವಿಯಾದ ಈ ಚಿನ್ನವೇ 1.4 ನ್ಯಾನೋಮೀಟರಿಗೆ ಇಳಿದಾಗ ಜೀವಕೋಶಗಳನ್ನು ಕೊಂದಿತು, 15ರಲ್ಲಿ ಕೊಲ್ಲಲಿಲ್ಲ.

ಹಾಗೆಂದು ಎಲ್ಲವನ್ನೂ ಗಾತ್ರದ ತಲೆಗೇ ಕಟ್ಟುವುದು ನ್ಯಾಯವಲ್ಲ. ಸತುವಿನ ಆಕ್ಸೈಡಿನ ನ್ಯಾನೋ ಪುಡಿಯೂ ಸಾಧಾರಣ ಪುಡಿಯೂ ಒಂದು ಜಾತಿಯ ಸಿಹಿನೀರಿನ ಪಾಚಿಗೆ ಒಂದೇ ಸಮನಾಗಿ ವಿಷವಾದುವೆಂದು 2007ರಲ್ಲಿ ತಿಳಿದುಬಂದಿತು. ಕೆಲಸಮಾಡಿದ್ದು ನೀರಿನಲ್ಲಿ ಕರಗಿದ ಸತುವು. ಅಲ್ಲದೆ, ಕಾರ್ಖಾನೆಯಲ್ಲಿ ಅಳೆದ ಗಾತ್ರವು ಹೊಲದಲ್ಲಿ ಉಳಿಯುವುದೆಂಬ ಭರವಸೆಯಿಲ್ಲ. ಬಯಲುಸೀಮೆಯ ಕೊಳವೆಬಾವಿಗಳ ಗಡಸುನೀರಿನಲ್ಲಿರುವ ಸುಣ್ಣದ ಅಂಶವು ಇಂಥ ಕಣಗಳನ್ನು ಗಂಟುಕಟ್ಟಿಸಬಲ್ಲದು. ಗಂಟಾದ ಮೇಲೆ ಅವು ನ್ಯಾನೋ ಬೆಲೆ ತೆತ್ತು ಕೊಂಡ ಸಾಧಾರಣ ಪುಡಿಯೇ ಸರಿ.

2021ರಲ್ಲಿ ಇಫ್ಕೋ ಸಂಸ್ಥೆಯು ಮಾರಾಟಕ್ಕೆ ತಂದ ನ್ಯಾನೋ ಯೂರಿಯಾದ ವಿಷಯವು ಇಲ್ಲಿ ವಿಚಾರಣೀಯವಾಗಿದೆ. ಅರ್ಧ ಲೀಟರಿನ ಸೀಸೆಯೊಂದು ಯೂರಿಯಾ ಚೀಲವೊಂದರ ಕೆಲಸ ಮಾಡುವುದೆಂದು ಪ್ರಚಾರವಾಯಿತು. ಆಗಿನ ಸೀಸೆಯಲ್ಲಿ ನೂರಕ್ಕೆ 4ರಂತೆ ಇದ್ದ ಸಾರಜನಕವು 20 ಗ್ರಾಂ; 45 ಕಿಲೋಗ್ರಾಂ ಚೀಲದಲ್ಲಿರುವುದು ಸುಮಾರು 20 ಕಿಲೋಗ್ರಾಂ. ಚೀಲದ ಗೊಬ್ಬರದಲ್ಲಿ ಮೂರರಲ್ಲಿ ಎರಡು ಪಾಲು ಗಾಳಿಗೂ ನೀರಿಗೂ ಹೋಯಿತೆಂದೇ ಎಣಿಸಿದರೂ, ಪೈರಿಗೆ ದಕ್ಕುವುದು ಸೀಸೆಯದಕ್ಕಿಂತ ಮುನ್ನೂರು ಪಟ್ಟಿಗೂ ಮಿಕ್ಕಿರುತ್ತದೆ. ಕಣದ ಗಾತ್ರವು ಬಾಗಿಲು ದಾಟಿಸಬಹುದಲ್ಲದೆ ಇಲ್ಲದ ಸಾರಜನಕವನ್ನು ಹುಟ್ಟಿಸಲಾರದು. ಮೇಲಾಗಿ ಯೂರಿಯಾ ನೀರಿನಲ್ಲಿ ಸುಲಭವಾಗಿ ಕರಗತಕ್ಕ ವಸ್ತು. ಕರಗಿದ ಭಾಗಕ್ಕೆ ಕಣವೆಲ್ಲಿ, ಗಾತ್ರವೆಲ್ಲಿ? ಲೂಧಿಯಾನದ ಪಂಜಾಬ್ ಕೃಷಿ ವಿಶ್ವವಿದ್ಯಾಲಯದ ಎರಡು ವರ್ಷಗಳ ಪ್ರಯೋಗದಲ್ಲಿ, ನೆಲಕ್ಕೆ ಕೊಡುವ ಸಾರಜನಕವನ್ನು ಅರ್ಧಕ್ಕಿಳಿಸಿ ಈ ದ್ರವವನ್ನು ಸಿಂಪಡಿಸಿದಾಗ ಭತ್ತ, ಗೋಧಿಗಳೆರಡರ ಇಳುವರಿಯೂ ಕುಗ್ಗಿತು. ಸಾಲ ಮಾಡಿ ಬಿತ್ತಿದ ರೈತನು ಹೊರತಕ್ಕ ನಷ್ಟವಿದು.

ನ್ಯಾನೋ ಕೃಷಿವಸ್ತುಗಳ ಪರೀಕ್ಷೆಗೆ ಭಾರತ ಸರ್ಕಾರವು 2020ರಲ್ಲಿ ಮಾರ್ಗಸೂಚಿಗಳನ್ನು ಹೊರಡಿಸಿತು. ಪರೀಕ್ಷೆಯ ಫಲವು ಕಡತದಲ್ಲಿ ಉಳಿದರೆ ರೈತನಿಗೆ ಪ್ರಯೋಜನವೇನು? ಕಣಗಳ ಗಾತ್ರವು ಎಷ್ಟರಿಂದ ಎಷ್ಟರವರೆಗೆ, ಗಡಸುನೀರಿನಲ್ಲಿ ಎಷ್ಟು ಹೊತ್ತು ಅದು ನಿಲ್ಲುತ್ತದೆ, ಸೀಸೆಯಲ್ಲಿ ಪೋಷಕಾಂಶವು ಎಷ್ಟು ಗ್ರಾಂ ಇದೆ ಎಂಬ ಮೂರು ವಿಷಯಗಳನ್ನು ಸೀಸೆಯ ಚೀಟಿಯ ಮೇಲೆ ಸ್ಪಷ್ಟವಾದ ಕನ್ನಡದಲ್ಲಿ ಮುದ್ರಿಸುವಂತೆ ನಿಯಮವಾಗಬೇಕು. ಒಣಪುಡಿಯ ರೂಪದಲ್ಲಿ ಮಾರುವ ಪದಾರ್ಥಗಳಿಗೆ ಇನ್ನೊಂದು ಮಾತನ್ನು ಸೇರಿಸುವುದು ಅಗತ್ಯ: ಇಷ್ಟು ನಯವಾದ ಧೂಳು ಶ್ವಾಸಕೋಶದ ತುದಿಯವರೆಗೂ ಇಳಿಯಬಲ್ಲದಾದುದರಿಂದ, ಕಲಸುವಾಗ ಮೂಗುಬಾಯಿಗಳಿಗೆ ಬಿಗಿಯಾದ ಮುಖವಸ್ತ್ರವನ್ನು ಧರಿಸತಕ್ಕದ್ದು, ತೆಳ್ಳನೆಯ ಟವಲನ್ನು ಸುತ್ತಿಕೊಂಡರೆ ಸಾಲದು.